ಏಳನೆಯ ಅಕ್ಷರ

ಡುಲೂತ್ ಊರಿನ ಆಸ್ಪತ್ರೆಯ ನೆಲಮಾಳಿಗೆಯಲ್ಲಿ
ಗಂಟೆಗೆ ಹನ್ನೆರಡು ಕಡತ ನನ್ನ ಪಾಲಿನ ರಾಗಿ.
ಬೀಸುತ್ತೇನೆ.
ಕಾಯಿಲೆ ಒಳಗೆ ಬೀಳುತ್ತದೆ, ಅಂಕಿ ಹೊರಗೆ ಉದುರುತ್ತದೆ,
ಹಿಟ್ಟಿನ ಬೆಲೆ ವಿಮೆಯವರಿಗೆ ಬಿಟ್ಟದ್ದು.

ಕಾಫಿಗೆ ಮುಂಚಿನ ಕಡತ: ಹೆಂಗಸು, ಅರವತ್ತೆಂಟು,
ಚರ್ಚಿನಲ್ಲಿ ಆರ್ಗನ್ ನುಡಿಸುತ್ತಿದ್ದವರು.
ಹೆಸರು ಹೇಳುವಂತಿಲ್ಲ, ಸಹಿ ಹಾಕಿಕೊಟ್ಟಿದ್ದೇನೆ.
ಬಲಗೈಯ ಉಂಗುರದ ಬೆರಳು ಮಡಿಸಿದ್ದು ಬಿಚ್ಚುವುದಿಲ್ಲ.
ಬಂದದ್ದು ಕೈಗವಸು ಏರುವುದಿಲ್ಲವೆಂಬ ದೂರಿಗೆ.
ಕಾರಣ, ನಾಯಿ ಕಡಿತ.
ಯಾವಾಗ? ಹನ್ನೊಂದು ವರ್ಷದ ಹಿಂದೆ.

ನಿಯಮ ಸರಳ. ಮೊದಲು ಇಂದಿನ ಡೊಂಕು,
ಆಮೇಲೆ ಅಂದಿನ ಹಲ್ಲು.
ಗಾಯ ಹಸಿಯಿದ್ದಾಗ ಕೊನೆಗೆ ‘ಎ’,
ಮಾಯುತ್ತಿರುವಾಗ ‘ಡಿ’,
ಮಾಯ್ದ ಮೇಲೂ ಮಾಯದೆ ಉಳಿದದ್ದಕ್ಕೆ ‘ಎಸ್’.
ಡಬ್ಲ್ಯು, ಐದು, ನಾಲ್ಕು, ಚುಕ್ಕೆ, ಸೊನ್ನೆ,
ಎಕ್ಸ್, ಎಕ್ಸ್, ಎಸ್.

ನಡುವಿನ ಆ ಎರಡು ಎಕ್ಸ್‌ಗಳಿಗೆ ಅರ್ಥವಿಲ್ಲ.
ಏಳನೆಯದು ಏಳನೆಯ ಮನೆಯಲ್ಲೇ ಕೂರಬೇಕಲ್ಲ,
ಅದಕ್ಕೆ ಜಾಗ ಹಿಡಿದಿವೆ,
ಬಸ್ಸಿನ ಕಿಟಕಿಯಿಂದ ಸೀಟಿಗೆ ಎಸೆದ ಟವಲಿನಂತೆ.
ಹನ್ನೊಂದು ವರ್ಷವನ್ನು ಅಲ್ಲೇ ಮಡಚಿಟ್ಟಿದ್ದಾರೆಂದು
ನನ್ನ ಗುಮಾನಿ.

ಕೆಲಸ ಕಲಿಸಿದವಳು ಮಾರ್ಲಿಸ್,
ಮೂಗಿನ ತುದಿಗೆ ಕನ್ನಡಕ, ಡ್ರಾಯರಿನಲ್ಲಿ ಉಪ್ಪು ಬಾದಾಮಿ:
‘ಶೇಷಕ್ಕೆ ಕಾಲಮಿತಿ ಇಲ್ಲ ಕಣೇ. ನಾಳೆಯೇ ಬರಬಹುದು,
ಮೂವತ್ತು ವರ್ಷ ಬಿಟ್ಟೂ ಬರಬಹುದು.’
ಅವಳ ಪದ ಬೇರೆ. ಶೇಷ ನನ್ನದು,
ಹೂವಿನ ಹಡಗಲಿಯ ಸ್ಲೇಟಿನಿಂದ ತಂದದ್ದು.
ಭಾಗಿಸಿ ಭಾಗಿಸಿ ಕೊನೆಗೆ ಹೋಗದೆ ನಿಂತದ್ದಕ್ಕೆ
ಸುತ್ತ ಗೆರೆ ಎಳೆದು ಪಕ್ಕಕ್ಕೆ ಬರೆಯುತ್ತಿದ್ದೆವು.
ಸೋದರತ್ತೆಗೆ ಆ ಮಾತೇ ಆಗುತ್ತಿರಲಿಲ್ಲ:
‘ಸಾಲ, ಬೆಂಕಿ, ರೋಗ, ಈ ಮೂರರಲ್ಲಿ ಶೇಷ ಬಿಡಬ್ಯಾಡ,
ಬೆಳೀತಾವ.’

ಕಡತದ ಅಡಿಯಲ್ಲಿ ಡಾಕ್ಟರು ಯಾಕೋ
ನಾಲ್ಕು ಸಾಲು ಹೆಚ್ಚಿಗೆ ಬರೆದಿದ್ದಾರೆ.
ನಾಯಿ ಆಕೆಯದೇ. ಟೂಲಿ ಅಂತ. ಹದಿನಾಲ್ಕು ತುಂಬಿತ್ತು.
ಹಿಮದಲ್ಲಿ ಜಾರಿ ಬಂದ ಲಾರಿಗೆ ಸಿಕ್ಕು
ಸೊಂಟ ಮುರಿದು ಬಿದ್ದಿದ್ದಾಗ
ಎತ್ತಿಕೊಳ್ಳಲು ಕೈ ಕೊಟ್ಟರು.
ಬಿಡಿಸಿಕೊಳ್ಳಲಿಲ್ಲ.
ಅದು ಹೋಗುವವರೆಗೂ ಬೆರಳು ಬಾಯಲ್ಲೇ ಇತ್ತು.

ಇದಕ್ಕೊಂದು ಸಂಕೇತ ಹುಡುಕಿದೆ.
ಆಮೆ ಕಚ್ಚಿದ್ದಕ್ಕಿದೆ, ಗಿಳಿ ಕಚ್ಚಿದ್ದಕ್ಕಿದೆ,
ಹಂದಿಗಿದೆ, ಹೆಂಡತಿಯಾಣೆ ಯಾರೂ ನೋಡಿರದ
ಓರ್ಕಾ ತಿಮಿಂಗಿಲಕ್ಕೂ ಇದೆ.
ನನ್ನ ಭಾಷೆಯಲ್ಲಿ ಕಚ್ಚುವುದು ಬೇರೆ,
ಕಚ್ಚಿಕೊಳ್ಳುವುದು ಬೇರೆ.
ಈ ಪುಸ್ತಕಕ್ಕೆ ಎರಡೂ ಒಂದೇ ಹಲ್ಲು.
ಎಲ್ಲಿ ನಡೆಯಿತು ಎಂಬುದನ್ನು ಬರೆಯಲೇ
ಮೊದಲ ದಿನ ಮಾತ್ರ ಅಪ್ಪಣೆ,
ಹಾಗಾಗಿ ಆ ಬೀದಿಯೂ ಈಗ ಇಲ್ಲ.

ನಾಯಿ ಬಾಲ ಡೊಂಕೆಂದು ನಗುವವರು ನಾವು.
ದಬ್ಬೆ ಕಟ್ಟಿದರೂ ನೆಟ್ಟಗಾಗದು ಎನ್ನುವವರು.
ಇಲ್ಲಿ ನೆಟ್ಟಗಾದೀತಂತೆ, ಬೆರಳು,
ಸಣ್ಣ ಶಸ್ತ್ರಚಿಕಿತ್ಸೆ, ಸಂಜೆಗೆ ಮನೆ.
‘ರೋಗಿಗೆ ಇಷ್ಟವಿಲ್ಲ.’
ಅದಕ್ಕೆ ಸಂಕೇತ ಇದೆ. ಹಾಕಿದೆ.
ಯಾಕೆ ಎಂದು ಡಾಕ್ಟರು ಬರೆದಿಲ್ಲ,
ಅವರು ಬರೆಯದ್ದನ್ನು ನಾನು ಊಹಿಸುವಂತಿಲ್ಲ.

ಕೆರೆಯೆನ್ನಲು ನಾಲಗೆ ಬಾರದ ಆ ಕೆರೆಯಲ್ಲಿ
ಅದಿರಿನ ಹಡಗೊಂದು ಕೂಗಿತು. ಸೇತುವೆ ಎದ್ದಿರಬೇಕು.
ಅತ್ತೆಯ ಪಟ್ಟಿಯಲ್ಲಿ ನಾಯಿ ಇರಲಿಲ್ಲ.

ಗಡಿಯಾರ ನೋಡಿದೆ:
ಐದು ನಿಮಿಷದ ಕಡತಕ್ಕೆ ಎಂಟು.
ಮೂರು
ಯಾವ ಲೆಕ್ಕಕ್ಕೂ ಹೋಗದೆ ನಿಂತಿದೆ.